ಕಾಯೆತಾನರ ವರ್ಷದ ಪಾಸ್

ಕಾಯೆತಾನರು ಮರುಭೂಮಿಯ ಅಭಯಾರಣ್ಯಕ್ಕೆ ವರ್ಷದ ಪಾಸ್ ಮಾಡಿಸಿದ್ದಾರೆಂದು ಕೇಳಿ ನನಗೆ ನಗು ಬಂದಿತ್ತು. ಪಾಸ್ ಇರುವುದು ಒಂದು ಕಾರಿಗೆ. ಅವರಿಗೆ ಕಾರೇ ಇಲ್ಲ. ಈ ಅರಬ್ ನಾಡಿನ ಮಲಾಜ್ ಪೇಟೆಯಲ್ಲಿ ಬಟ್ಟೆ ಅಂಗಡಿ ನೋಡಿಕೊಳ್ಳುವ ನನ್ನ ಹತ್ತಿರ ಕಾರಿತ್ತು, ಶುಕ್ರವಾರ ಬೆಳಗಿನ ನಿದ್ದೆಯೂ ಇತ್ತು. ವಾರವಾರವೂ ನನ್ನನ್ನೇ ಎಬ್ಬಿಸಿ ಹೊರಡಿಸಿ ಆ ನಿದ್ದೆಗೆ ಅವರು ಕಲ್ಲು ಹಾಕಿದರು.

"ಎಂತ ನೋಡ್ಲಿಕ್ಕೆ ಹೋಗುವುದು ಪೊರ್ಬುಗಳೇ, ಮರಳಾ?" ಎಂದು ನಾನು, ನಮ್ಮ ಕರಾವಳಿಯಲ್ಲಿ ಕ್ರೈಸ್ತರನ್ನು ಕರೆಯುವ ಹಾಗೇ ಕರೆದು, ಗೊಣಗುತ್ತಿದ್ದೆ.

"ಜುಮಾ ನಮಾಜಿಗೆ ಮೊದಲು ವಾಪಸ್ ಬರುವಾ, ಬ್ಯಾರಿಗಳೇ," ಎಂದಷ್ಟೇ ಮುಸ್ಲಿಮನಾದ ನನಗೆ ಅವರ ಉತ್ತರ.

ಉಡುಪಿ ಕಡೆಯ ಈ ಮನುಷ್ಯ ಅಲ್ ಖರ್ಜ್‌ನ ಹಾಲಿನ ಫಾರ್ಮೊಂದರಲ್ಲಿ ಇಪ್ಪತ್ತೆರಡು ವರ್ಷದಿಂದ ಹೆರಿಗೆ ಶೆಡ್ಡಿನ ಕೆಲಸಗಾರ. ಹಸು ಈದ ಸ್ವಲ್ಪ ಹೊತ್ತಿಗೇ ಕರುವನ್ನು ಎತ್ತಿ ಬೇರೆ ಶೆಡ್ಡಿಗೆ ಒಯ್ಯಬೇಕು. ಊರಿನ ಹಟ್ಟಿಯಲ್ಲಾದರೂ ಕರುವಿಗೆ ಹಗ್ಗ ತಪ್ಪಿದ್ದಲ್ಲ. ಹಗ್ಗವಿಲ್ಲದ, ಯಾರೂ ಎತ್ತಿಕೊಂಡು ಹೋಗದ ಕರು ತಾಯಿಯ ಹಿಂದೆ ಹೇಗೆ ನಡೆಯುತ್ತದೆ ಎಂಬುದನ್ನು ಅವರಿಗೆ ಒಮ್ಮೆ ನೋಡಬೇಕಿತ್ತು.

ತಿಂಗಳುಗಟ್ಟಲೆ ಸಿಕ್ಕಿದ್ದು ಅಲ್ಲಿನ ಕಾಡುಪ್ರಾಣಿಗಳ ಗೊರಸಿನ ಗುರುತು, ಒಣ ಹಿಕ್ಕೆ. ಅದನ್ನೂ ಅವರು ಕೈಯಲ್ಲಿ ಪುಡಿ ಮಾಡಿ ನೋಡುವರು. ಹನ್ನೆರಡನೇ ತಿಂಗಳಲ್ಲಿ, ಓರಿಕ್ಸ್ ಎಂಬ ಉದ್ದ ಕೊಂಬಿನ ಬಿಳಿ ಹುಲ್ಲೆಯೊಂದು ಹಿಂಡು ಬಿಟ್ಟು ದೂರದಲ್ಲಿ ಒಂಟಿಯಾಗಿ ನಿಂತಿತ್ತು. ಕಾಯೆತಾನರು ದುರ್ಬೀನು ಇಳಿಸಲೇ ಇಲ್ಲ.

"ಗಬ್ಬ ಉಂಟು. ಎರಡು ವಾರದೊಳಗೆ ಕರು ಹಾಕ್ತದೆ."

ಆ ದಿನದಿಂದ ನನಗೂ ಹುಚ್ಚು ಹಿಡಿಯಿತು. ಪಾಸ್ ಮುಗಿಯಲು ಉಳಿದದ್ದು ಎರಡೇ ಶುಕ್ರವಾರ. ಆಮೇಲೆ ಅವರು ಕೆಲಸ ಬಿಟ್ಟು ಊರಿಗೆ ಹೊರಡುವವರು.

ಮೊದಲ ಶುಕ್ರವಾರ ಅದು ಕಾಣಲಿಲ್ಲ. ಕೊನೆಯ ಶುಕ್ರವಾರ ಕಂಡಿತು. ಹೊಟ್ಟೆ ಇಳಿದಿತ್ತು. ಮುಳ್ಳುಪೊದೆಯೊಂದರಿಂದ ತುಸು ದೂರ ನಿಂತು ನಮ್ಮ ಕಾರನ್ನೇ ನೋಡುತ್ತಿತ್ತು.

"ಕರು ಆ ಪೊದೆಯಲ್ಲುಂಟು," ಎಂದರು ಕಾಯೆತಾನರು.

"ಯಲ್ಲಾ, ನಡೆಯಿರಿ, ಇಳಿಯಿರಿ ಮತ್ತೆ," ಎಂದೆ ನಾನು.

ಅವರು ಬಾಗಿಲು ತೆರೆಯಲಿಲ್ಲ. "ಬೇಡ. ಕೆಚ್ಚಲು ತುಂಬಿದೆ, ಕರು ಹಸಿದಿರ್ತದೆ. ನಾವು ಇರುವಷ್ಟು ಹೊತ್ತು ತಾಯಿ ಅಲ್ಲಿಗೆ ಹೋಗ್ಲಿಕ್ಕಿಲ್ಲ. ಕಾರು ತಿರುಗಿಸಿ."

ನನಗೆ ಸಿಟ್ಟು ನೆತ್ತಿಗೇರಿತು. ವರ್ಷವಿಡೀ ನನ್ನ ನಿದ್ದೆ ಕೆಡಿಸಿದ್ದು ಇದಕ್ಕಾ ಎಂದು ಕೇಳಲು ಬಾಯಿ ತೆರೆದೆ. ಅವರು ಆಗಲೇ ದುರ್ಬೀನನ್ನು ಚೀಲಕ್ಕೆ ಹಾಕಿ ಅದರ ಬಾಯಿ ಮುಚ್ಚುತ್ತಿದ್ದರು. ಕಾರು ತಿರುಗಿಸಿದೆ.

ಗೇಟು ದಾಟುವವರೆಗೂ ಅವರು ಹಿಂತಿರುಗಿ ನೋಡಲಿಲ್ಲ. ಆಮೇಲೆ ಮೆಲ್ಲಗೆ ಹೇಳಿದರು:

"ಇದೊಂದಾದರೂ ಅದರ ಅಮ್ಮನ ಹತ್ತಿರ ಉಳಿಯಲಿ ಮಾರಾಯ್ರೆ."