ರೊಟ್ಟಿ ಹಿಟ್ಟಿಗೆ ಬಿದ್ದ ಮಂಡಿಯ ಮುಲಾಮು

ಆಗೆಲ್ಲ ಮುಂಬಯಿಯ ಭಾಂಡುಪ್‌ನ ನಮ್ಮ ಚಾಳಿನ ಪ್ಯಾಸೇಜಿನಲ್ಲಿ ನಡೆದರೆ ಸಾಕು, ಯಾವ ಮನೆಯಲ್ಲಿ ಕೀಲುನೋವು ಎಂಬುದು ವಾಸನೆಯಿಂದಲೇ ತಿಳಿಯುತ್ತಿತ್ತು. ಒಂದು ಬಾಗಿಲಲ್ಲಿ ಕರ್ಪೂರ ಹಾಕಿ ಕಾಯಿಸಿದ ಎಳ್ಳೆಣ್ಣೆ, ಇನ್ನೊಂದರಲ್ಲಿ ಹಸಿರು ಬಾಮು, ನಮ್ಮ ಬಾಗಿಲಲ್ಲಿ ಎರಡೂ. ಇದು ನಡೆದದ್ದು ಮಳೆಗಾಲದಲ್ಲಿ ಎಂದು ನನ್ನ ನೆನಪು. ಅಣ್ಣ ಚಳಿಗಾಲ ಅನ್ನುತ್ತಾನೆ. ಇಬ್ಬರೂ ನಮಗೆ ಬೇಕಾದ ಹವೆಯನ್ನು ಆಮೇಲೆ ಸೇರಿಸಿಕೊಂಡಿರಬಹುದು. ಆಯಿಯ ಮಂಡಿ ಊದಿದ್ದಂತೂ ನಿಜ.

ಆಯಿ ಅಂದರೆ ಅಪ್ಪನ ತಾಯಿ, ವಿಜಯಪುರದ ಕಡೆಯವಳು. ದಿನಾ ಬೆಳಿಗ್ಗೆ ನೆಲದ ಮೇಲೆ ಕೂತು ನಮಗೂ, ಕೆಳಗಿನ ಖೋಲಿಯಲ್ಲಿದ್ದ ಊರ ಕಡೆಯ ಹುಡುಗರಿಗೂ ಜೋಳದ ರೊಟ್ಟಿ ಬಡಿಯುತ್ತಿದ್ದಳು. ಏಳುವಾಗ ಗೋಡೆ ಹಿಡಿಯುತ್ತಿದ್ದಳು.

“ಅವ್ವಾ, ಇನ್ನ ಸಾಕು ಮಾಡು. ಚಪಾತಿ ಪ್ಯಾಕೆಟ್ ಸಿಗ್ತಾವ,” ಅನ್ನುತ್ತಿದ್ದ ಅಪ್ಪ.

“ಪ್ಯಾಕೆಟ್ ತಿನ್ನಾಂಗಿದ್ರ ನಾ ಯಾಕ ಇಲ್ಲಿ? ಊರಿಗೆ ಬಿಟ್ಟ ಬಾ.”

ಹೋಗಿಯೇಬಿಟ್ಟರೆ ಎಂಬ ಹೆದರಿಕೆ ನನ್ನದು. ಊರಲ್ಲಿ ಅವಳಿಗೆ ಚಿಕ್ಕಪ್ಪನ ಮನೆಯಿತ್ತು. ನನಗೆ ಇನ್ನೊಬ್ಬ ಆಯಿ ಇರಲಿಲ್ಲ.

ಕೆಳಗಿನ ಹುಡುಗರಲ್ಲಿ ಬಸು ಕಾಕಾ ಎಂಬವನು ಮೆಣಸಿನಕಾಯಿಯ ಸತ್ವದ ಮುಲಾಮು ತಂದುಕೊಟ್ಟ. ಆಯಿ ಮರುದಿನ ಬೆಳಿಗ್ಗೆ ಅದನ್ನು ಮಂಡಿಗೆ ತಿಕ್ಕಿಕೊಂಡು ನೇರ ರೊಟ್ಟಿಗೆ ಕೂತಳು. ರೊಟ್ಟಿ ಬಡಿಯುವವರು ಕೈಯನ್ನು ನೀರಿನಿಂದಲ್ಲ, ಒಣಹಿಟ್ಟಿನಿಂದ ಉಜ್ಜಿಕೊಳ್ಳುತ್ತಾರೆ. ಉದುರಿದ ಹಿಟ್ಟು ಮತ್ತೆ ಹಿಟ್ಟು ನಾದುವ ಪರಾತಕ್ಕೇ ಬೀಳುತ್ತದೆ.

ಸಂಜೆ ಬಸು ಕಾಕಾ ಮೇಲೆ ಬಂದ. “ಆಯಿ, ಇವತ್ತ ರೊಟ್ಟಿಗೂ ಖಾರ ಹಾಕೀರೇನ್ರಿ? ತುಟಿ ಉರ್ಯಾಕತ್ತಾವ.”

“ಪಲ್ಯ ಖಾರ ಆಗಿರಬೇಕು.”

“ಪಲ್ಯಾನ ಇರಲಿಲ್ರಿ. ಮೊಸರ ಹಚ್ಕೊಂಡ ತಿಂದ್ವಿ.”

ಆಯಿ ತನ್ನ ಅಂಗೈ ಮೂಸಿ ನೋಡಿಕೊಂಡಳು. ಅಪ್ಪನಿಗೆ ಅಷ್ಟೇ ಬೇಕಿತ್ತು. “ನಾಳಿಂದ ರೊಟ್ಟಿ ಬಂದ್,” ಅಂದ. ಆಯಿ ಸೀರೆಗಳನ್ನು ಮಡಚಿ ಚೀಲಕ್ಕೆ ಹಾಕತೊಡಗಿದಳು.

ಮರುದಿನ ಅವಳನ್ನು ದವಾಖಾನೆಗೆ ಕರೆದೊಯ್ದದ್ದು ನನ್ನ ಅಮ್ಮ. ಡಾಕ್ಟರಮ್ಮ ಒಂದು ಜೆಲ್ ಕೊಟ್ಟರು. ಅದೊಂದನ್ನೇ ತೆಳ್ಳಗೆ ಹಚ್ಚಬೇಕು, ಮೇಲೆ ಬಾಮು ಬೇಡ, ಬಿಸಿ ಶಾಖ ಬೇಡ, ಹಚ್ಚಿದವರು ಸೋಪಿನಿಂದ ಕೈ ತೊಳೆಯಬೇಕು. ನೆಲದ ಮೇಲೆ ಕೂರುವುದಂತೂ ಬೇಡವೇ ಬೇಡ.

“ನೆಲಾ ಬಿಟ್ಟ ರೊಟ್ಟಿ ಹೆಂಗ ಬಡೀಲಿ?” ದಾರಿಯುದ್ದಕ್ಕೂ ಆಯಿಯದು ಅದೇ ಮಾತು.

ಅಮ್ಮ ಮನೆಗೆ ಬಂದವಳೇ ಅಡುಗೆಕಟ್ಟೆಯನ್ನು ಖಾಲಿ ಮಾಡಿ, ಪಕ್ಕದ ಮನೆಯಿಂದ ಎತ್ತರದ ಸ್ಟೂಲು ತಂದಿಟ್ಟಳು. ನನ್ನನ್ನು ಮುಂದೆ ತಳ್ಳಿದಳು. “ಜೆಲ್ ಇಕಿ ಹಚ್ಚತಾಳ. ನಿಮ್ಮ ಕೈ ಹಿಟ್ಟಿಗಷ್ಟ ಇರಲಿ, ಅತ್ತಿ.”

ಸ್ಟೂಲಿನ ಮೇಲಿಂದ ಬಡಿದ ಮೊದಲ ರೊಟ್ಟಿ ಹರಿಯಿತು. ಎರಡನೆಯದೂ. ಅಪ್ಪ ಚೂರುಗಳನ್ನೇ ತಿಂದು ಮುಗಿಸಿ, ತಾಟು ಮುಂದೆ ಚಾಚಿದ. “ಇನ್ನೊಂದ ಹಾಕು.”

ಆಯಿ ಹಾಕಿದಳು. ಚೀಲದಿಂದ ಸೀರೆಗಳು ಯಾವಾಗ ಹೊರಗೆ ಬಂದವೋ ನಾನು ನೋಡಲಿಲ್ಲ. ನೋಡಿದೆನೆಂದು ಬರೆದರೆ ಚೆನ್ನಾಗಿರುತ್ತಿತ್ತು.

ನೋವು ಪೂರ್ತಿ ಹೋಗಲಿಲ್ಲ, ಏಳುವಷ್ಟು ಇಳಿಯಿತು. ಜೆಲ್ ಆರುವವರೆಗೆ ಆಯಿ ಸೀರೆ ಕೆಳಗಿಳಿಸುವಂತಿರಲಿಲ್ಲ. ಆ ಹೊತ್ತಿನಲ್ಲಿ ಅವಳು ಮಾತಾಡುತ್ತಿದ್ದಳು: ಬಾವಿ, ಎಮ್ಮೆ, ತನ್ನ ಜಗಳಗಂಟಿ ನಾದಿನಿ. ಶಾಲೆಯಲ್ಲಿ ಇಂಗ್ಲಿಷು, ಪ್ಯಾಸೇಜಿನಲ್ಲಿ ಮರಾಠಿ. ನನ್ನ ಕನ್ನಡ ಬಹುಮಟ್ಟಿಗೆ ಅವಳ ಮಂಡಿಯ ಬಳಿ ಕಲಿತದ್ದು.

ಈಗ ಆಯಿಯಿಲ್ಲ. ಅವಳ ಎಷ್ಟೋ ಮಾತುಗಳು ಅವಳ ಜೊತೆಗೇ ಹೋದವು. ಯಾವುವು ಹೋದವೆಂದು ಹೇಳಲೂ ನನಗೆ ಬಾರದು. ಮಲಾಡ್‌ನ ನಮ್ಮ ಈಗಿನ ಮನೆಯ ಕೆಳಗಿನ ಅಂಗಡಿಯಲ್ಲಿ ನೋವಿಗೆ ಸ್ಪ್ರೇ ಇದೆ, ಅಂಟಿಸುವ ಪಟ್ಟಿಯಿದೆ, ಕೈಗಂಟದ ರೋಲ್-ಆನ್ ಇದೆ. ಸ್ಪ್ರೇ ಹೊಡೆದ ಕೂಡಲೇ ಆರುತ್ತದೆ, ಅಷ್ಟರಲ್ಲಿ ಒಂದು ಮಾತೂ ಮುಗಿಯುವುದಿಲ್ಲ. ಅಮ್ಮನ ಮಂಡಿಗೆ ನಾನು ಜೆಲ್ಲನ್ನೇ ತರುತ್ತೇನೆ. ಹಚ್ಚುವುದು ನನ್ನ ಮಗಳು; ಅವಳಿಗೆ ಅಮ್ಮನೇ ಆಯಿ. ನಿನ್ನೆ ಅವಳು ಕೈ ತೊಳೆದು ಬಂದು ಮತ್ತೆ ಅಮ್ಮನ ಮಂಡಿಯ ಬಳಿಯೇ ಕೂತಳು.

“ಆಯಿ, ಫಿರ್ ಏನಾತು?”