ಕಾಪುವಿನಲ್ಲಿ ನನ್ನ ಗಂಡನ ಎಲೆ

ನನ್ನ ಗಂಡ ತೀರಿಹೋದ ನಾಲ್ಕನೆಯ ದಿನ, ಅವರ ಉತ್ತರಕ್ರಿಯೆ ಐವತ್ತು ವರ್ಷಗಳ ಹಿಂದೆಯೇ ಮುಗಿದಿದೆ ಎಂದು ನನಗೆ ಗೊತ್ತಾಯಿತು. ಹೇಳಿದ್ದು ಅವರ ತಂಗಿ ವಾರಿಜ. ತಮ್ಮ ಕುಟುಂಬದ ಮನೆಯ ಬಾವಿಕಟ್ಟೆಯ ಮೇಲೆ ಕೊಡ ಇಳಿಸಿ, ನನ್ನ ಮುಖ ನೋಡದೆ ಹೇಳಿದಳು.

"ಅಣ್ಣನ ಬೊಜ್ಜ ಒಮ್ಮೆ ಆಗಿದೆ ಅಲ್ವಾ, ಅತ್ತಿಗೆ. ಎರಡನೇ ಸಲ ಮಾಡಲಿಕ್ಕೆ ಉಂಟಾ ಅಂತ ಗುರಿಕಾರರನ್ನೇ ಕೇಳಬೇಕು."

ಬೊಜ್ಜ ಎಂದರೆ ನಮ್ಮ ಧಾರವಾಡದವರಿಗೆ ತಿಳಿಯದು. ಸತ್ತವರಿಗೆ ಇಷ್ಟವಾದದ್ದನ್ನು ಎಲೆಗೆ ಬಡಿಸಿ, ಅವರನ್ನು ಕುಟುಂಬದ ಹಿರಿಯರ ಸಾಲಿಗೆ ಸೇರಿಸುವ ದಿನ ಅದು. ಸೇರಿದವರಿಗೆ ಪ್ರತಿ ವರ್ಷ ಆಟಿ ತಿಂಗಳಲ್ಲಿ, ಅಂದರೆ ಆಷಾಢದಲ್ಲಿ, ಎಲೆ ಇಡುತ್ತಾರೆ. ಗುರಿಕಾರರು ನನ್ನ ಗಂಡನ ಕಡೆಯ ಮೀನುಗಾರರಾದ ಮೊಗವೀರರ ಊರಿನ ಹಿರಿಯರು. ಇಂಥ ವಿಷಯದಲ್ಲಿ ಅವರ ಮಾತೇ ಕೊನೆ.

ನಾವು ಧಾರವಾಡ ಬಿಟ್ಟು ಇಲ್ಲಿಗೆ ಬಂದದ್ದು ಕಳೆದ ಚಳಿಗಾಲದಲ್ಲಿ, ಅವರ ಮೂತ್ರಪಿಂಡದ ಚಿಕಿತ್ಸೆಗೆ. ವಾರಕ್ಕೆ ಮೂರು ದಿನ ಮಣಿಪಾಲ. ಕಾಪು ಅವರ ಹುಟ್ಟೂರು, ಮನೆ ಕಡಲ ದಡದಲ್ಲೇ ಇದೆ. ಆದರೂ ಪೇಟೆಯಲ್ಲಿ ಬಾಡಿಗೆ ಮನೆ ಹಿಡಿದರು. ಇಲ್ಲಿ ಮನೆ ಹೆಣ್ಣುಮಕ್ಕಳಿಗೆ ಸೇರಿದ್ದು, ತಂಗಿಗೆ ಭಾರವಾಗಬಾರದು ಎಂದರು. ನಾನು ನಂಬಿದೆ.

ಧಾರವಾಡದಲ್ಲಿ ಬೆಳಿಗ್ಗೆ ಒಣಹಾಕಿದ ಸೀರೆ ಮಧ್ಯಾಹ್ನಕ್ಕೆ ಗರಿಗರಿ. ಇಲ್ಲಿ ಬಿಸಿಲಿನಲ್ಲಿ ಒಣಗಿಸಿದ ಸೀರೆಯೂ ಉಟ್ಟ ಗಳಿಗೆಯಲ್ಲೇ ಬೆವರಿಗೆ ಅಂಟುತ್ತದೆ. ನಮ್ಮಲ್ಲಿ ಬಾಗಿಲಿಗೆ ಬಂದವರನ್ನು "ಬರ್ರಿ ಒಳಗ" ಎನ್ನುತ್ತೇವೆ. ಇಲ್ಲಿ ಪಕ್ಕದ ಮನೆಯವಳು "ಎಂತ?" ಎಂದಳು. ಬೈದಳೆಂದುಕೊಂಡು ಎರಡು ವಾರ ಆ ಕಡೆ ಹೋಗಲಿಲ್ಲ. ತಮ್ಮತಮ್ಮೊಳಗೆ ತುಳು ಮಾತಾಡುತ್ತಾರೆ, ನನ್ನ ಕಡೆ ತಿರುಗಿದರೆ ಪಾಠ ಒಪ್ಪಿಸುವಂತೆ ಅಚ್ಚುಕಟ್ಟು ಕನ್ನಡ. ಮೀನಿನ ವಾಸನೆಗೆ ಮೂಗು ಒಗ್ಗಿತು. ಕುಚ್ಚಲಕ್ಕಿ ಗಂಜಿಗೆ ನಾಲಿಗೆಯೂ ಒಗ್ಗಿತು. ಅದನ್ನು ನಾನು ಗೆಲುವೆಂದೇ ಎಣಿಸಿದ್ದೆ.

ಸೈನ್ಯದಲ್ಲಿ ಕರ್ನಲ್ ಆಗಿ ನಿವೃತ್ತರಾದ ಅವರು, ತಾವು ಸೆರೆಸಿಕ್ಕ ಕತೆಯನ್ನು ಬೇಕಾದಷ್ಟು ಸಲ ಹೇಳಿದ್ದರು. ಎಪ್ಪತ್ತೊಂದರ ಯುದ್ಧದಲ್ಲಿ ತೊಡೆಗೆ ಗುಂಡು ತಗಲಿ ಸಿಕ್ಕಿಬಿದ್ದದ್ದು, ವರ್ಷದಷ್ಟು ಕಾಲ ಶತ್ರುಗಳ ಶಿಬಿರದಲ್ಲಿ ಇದ್ದದ್ದು, ರೊಟ್ಟಿಯ ಹಿಟ್ಟಿನಲ್ಲಿ ಚದುರಂಗದ ಕಾಯಿ ಮಾಡಿ ಆಡಿದ್ದು. ಅಲ್ಲಿನ ಕಾವಲುಗಾರನ ಕೆಮ್ಮನ್ನೂ ಅಣಕಿಸಿ ತೋರಿಸುತ್ತಿದ್ದರು. ಅವರ ಬದುಕಿನಲ್ಲಿ ನನಗೆ ಗೊತ್ತಿಲ್ಲದ್ದು ಏನೂ ಉಳಿದಿಲ್ಲ ಅಂದುಕೊಂಡಿದ್ದೆ.

ಬಾವಿಕಟ್ಟೆಯ ಬಳಿ ವಾರಿಜ ಉಳಿದದ್ದನ್ನು ಹೇಳಿದಳು. ಯುದ್ಧದ ಹೊತ್ತಿಗೆ ಮನೆಗೆ ಬಂದ ತಂತಿಯಲ್ಲಿ ಇದ್ದದ್ದು 'ಕಾಣೆಯಾಗಿದ್ದಾರೆ' ಎಂದು ಮಾತ್ರ.

"ಹಾಗಾದರೆ ಕಾಯಬೇಕಿತ್ತಲ್ಲಾ ನೀವು?" ಎಂದೆ. ನನ್ನ ದನಿ ನನಗೇ ಒರಟಾಗಿ ಕೇಳಿತು.

"ಕಡಲಿಗೆ ಹೋದವ ಕಾಣೆ ಅಂದರೆ ನಮ್ಮಲ್ಲಿ ಎಷ್ಟು ದಿನ ಕಾಯುವುದು, ಅತ್ತಿಗೆ? ದೋಣಿ ಬರಲಿಲ್ಲ, ಹೆಣವೂ ಸಿಗಲಿಲ್ಲ ಅಂದರೆ ಬೊಜ್ಜ ಮಾಡಿಬಿಡುವುದು. ಇಲ್ಲದಿದ್ದರೆ ಜೀವ ಅಲೆಯುತ್ತದೆ ಅಲ್ವಾ. ಯುದ್ಧದ ಲೆಕ್ಕ ಬೇರೆ ಅಂತ ನಮಗೆ ಯಾರು ಹೇಳಿದ್ದಾರೆ?"

ಬೊಜ್ಜ ಮುಗಿದು ಎರಡು ತಿಂಗಳಿಗೆ ಶಿಬಿರದಿಂದ ಅವರ ಕಾಗದ ಬಂತು. ಬಿಡುಗಡೆಯಾಗಿ ಮನೆಗೆ ಬಂದ ದಿನ ತಾಯಿ ಓಡಿಬಂದು ಕೈ ಹಿಡಿದರಂತೆ. ಆದರೆ ಹೊಸ್ತಿಲು ದಾಟಲು ಬಿಡಲಿಲ್ಲ. ಹಿರಿಯರ ಜೊತೆ ಸೇರಿಸಿದವನು ಕಾಲಿಟ್ಟು ಒಳಗೆ ಬಂದರೆ ಮನೆಗೆ ಏನಾಗುತ್ತದೋ ಎಂಬ ಹೆದರಿಕೆ. ಅಂದಿನ ಗುರಿಕಾರರು ಮಲ್ಪೆಗೆ ಹೋಗಿದ್ದರು. ಮಧ್ಯಾಹ್ನದಿಂದ ದೀಪ ಹಚ್ಚುವ ಹೊತ್ತಿನವರೆಗೆ ನನ್ನ ಗಂಡ ಸಮವಸ್ತ್ರದಲ್ಲಿ, ಕುಂಟು ಕಾಲಿನಲ್ಲಿ, ಅಂಗಳದಲ್ಲೇ ನಿಂತಿದ್ದರು. ಗುರಿಕಾರರು ಬಂದು ಒಳಗೆ ಕರೆಸಿದರು. ಇವರು ಊಟ ಮಾಡಿದರು, ಬೆಳಿಗ್ಗೆ ಹೊರಟರು. ಮತ್ತೆಂದೂ ಆ ಮನೆಯಲ್ಲಿ ಮಲಗಲಿಲ್ಲ.

ನಾನು ಬಾವಿಕಟ್ಟೆಯ ಮೇಲೆ ಕುಳಿತುಬಿಟ್ಟೆ. ಶತ್ರುಗಳ ಬೇಲಿಯನ್ನು ನಗುತ್ತಾ ಹೇಳಿದ ಮನುಷ್ಯ ಈ ಅಂಗಳದ ಬಗ್ಗೆ ಒಂದು ಮಾತೂ ಆಡಿರಲಿಲ್ಲ.

"ಎಲೆ?" ಎಂದು ಕೇಳಿದೆ. "ಆಮೇಲೆ ನಿಲ್ಲಿಸಿದಿರಾ?"

"ಇಲ್ಲ. ಸೇರಿಸಲಿಕ್ಕೆ ಗೊತ್ತುಂಟು, ತೆಗೆಯಲಿಕ್ಕೆ ಯಾರಿಗೂ ಗೊತ್ತಿಲ್ಲ. ಪ್ರತಿ ಆಟಿಯಲ್ಲಿ ಅಮ್ಮ ಅವನ ಎಲೆ ಇಡುತ್ತಿದ್ದರು, ಮರುವಾಯಿ ಸುಕ್ಕ ಬಡಿಸುತ್ತಿದ್ದರು. ಎಲ್ಲಿದ್ದಾನೋ, ಉಣ್ಣಲಿ ಅನ್ನುತ್ತಿದ್ದರು. ಅಮ್ಮ ಹೋದ ಮೇಲೆ ನಾನು ಇಡುತ್ತಿದ್ದೇನೆ."

ಮರುವಾಯಿ ಎಂದರೆ ಹೊಳೆಯ ಚಿಪ್ಪುಜೀವಿ, ಸುಕ್ಕ ಎಂದರೆ ತೆಂಗಿನತುರಿ ಹಾಕಿದ ಅದರ ಒಣಪಲ್ಯ. ನಾವು ಧಾರವಾಡದಲ್ಲಿ ಬೇಳೆ, ಬದನೆಕಾಯಿ ಉಣ್ಣುತ್ತಿದ್ದ ಅಷ್ಟೂ ವರ್ಷ ಇಲ್ಲಿ ಒಬ್ಬ ತಾಯಿ ಅವರಿಗೆ ಅದನ್ನು ಬಡಿಸುತ್ತಿದ್ದಳು.

ಈಗಿನ ಗುರಿಕಾರರು ಮರುದಿನ ಬಂದರು. ತಲೆ ಕೆರೆದುಕೊಂಡರು. "ನನ್ನ ಕಾಲದಲ್ಲಿ ಇಂಥದ್ದು ಬಂದಿಲ್ಲ ಮಾರಾಯ್ತಿ. ಕರ್ನಲ್ ಎಲ್ಲದರಲ್ಲೂ ಮುಂದೆ, ಇದರಲ್ಲೂ ಮುಂದೆಯೇ ಹೋಗಿಬಿಟ್ಟಿದ್ದಾರೆ" ಎಂದರು. ವಾರಿಜ ಕಣ್ಣೊರೆಸುತ್ತಲೇ ನಕ್ಕಳು. ನನಗೆ ನಗು ಬರಲಿಲ್ಲ. ನನ್ನ ಗಂಡನಿಗೆ ಈ ಮನೆಯಲ್ಲಿ ಜಾಗ ಇದೆಯೋ ಇಲ್ಲವೋ ಹೇಳಿರಿ ಎಂದೆ. ಬೊಜ್ಜ ಎರಡನೇ ಸಲ ಇಲ್ಲ, ಆದರೆ ಈ ಆಟಿಯಲ್ಲಿ ಅವರ ಎಲೆಗೆ ಹೆಂಡತಿ ಬಡಿಸಲಿ, ಅಷ್ಟು ಸಾಕು ಎಂದರು ಗುರಿಕಾರರು.

ಆಟಿಯಲ್ಲಿ ಎಲೆ ಇಡುವ ದಿನ ಜೋಳದ ರೊಟ್ಟಿ ತಟ್ಟಿಕೊಂಡು ಹೋದೆ. ಅಂಥದ್ದನ್ನು ಆ ಮನೆಯಲ್ಲಿ ಹಿರಿಯರಿಗೆ ಯಾರೂ ಬಡಿಸಿದ್ದಿಲ್ಲ. ಗುರಿಕಾರರು ರೊಟ್ಟಿಯನ್ನು ತಿರುಗಿಸಿ ನೋಡಿ "ಇಡಿ" ಎಂದರು. ಮರುವಾಯಿಯನ್ನು ವಾರಿಜ ಬಡಿಸಿದಳು, ರೊಟ್ಟಿಯನ್ನು ನಾನು. ಐವತ್ತು ವರ್ಷದ ಹಿಂದೆ ಆ ಎಲೆ ಇಟ್ಟದ್ದು ನಾನು ಕಾಣದ ಒಬ್ಬ ಇಪ್ಪತ್ತನಾಲ್ಕರ ಹುಡುಗನಿಗೆ. ಉಣ್ಣಬೇಕಾದವರು ನನ್ನ ಮುದುಕ. ಹಿರಿಯರು ಉಣ್ಣಲಿ ಎಂದು ಬಾಗಿಲು ಮುಚ್ಚಿ ಎಲ್ಲರೂ ಹೊರಗೆ ಬಂದೆವು.

"ಮುಂದೆ ನಿಮ್ಮ ಎಲೆಗೂ ಬಡಿಸಬೇಕಲ್ಲ, ನಿಮಗೆ ಎಂತ ಇಷ್ಟ, ಅತ್ತಿಗೆ? ಈಗಲೇ ಹೇಳಿಬಿಡಿ, ಮತ್ತೆ ನಾವು ತಪ್ಪು ಮಾಡುವುದು ಬೇಡ" ಎಂದಳು ವಾರಿಜ, ಸೆರಗಿನಿಂದ ಕೈ ಒರೆಸಿಕೊಳ್ಳುತ್ತಾ.

ನಮ್ಮ ಕಡೆ ಮಣ್ಣು ಕೊಡುತ್ತಾರೆ, ಹೀಗೆ ಎಲೆ ಇಡುವುದಿಲ್ಲ. ಧಾರವಾಡದಲ್ಲಿ ನನ್ನ ತಂದೆತಾಯಿಯ ಸಮಾಧಿಯ ಪಕ್ಕ ನನಗೂ ಜಾಗ ಇದೆ. ಅವಳು ಉತ್ತರಕ್ಕೆ ಕಾಯುತ್ತಾ ನಿಂತಿದ್ದಳು. ಹೇಳುತ್ತೇನೆ ಎಂದೆ. ಇನ್ನೂ ಹೇಳಿಲ್ಲ.