ಕುರಿಗಾಹಿ ಒರೋಂಜೊ ಕಾರ್ಖಾನೆ ಸೇರಿದ್ದು

ನನ್ನ ಹೆಂಡತಿ ಕೊಸಿಮಾಳ ತಮ್ಮ ಒರೋಂಜೊ. ಎರಡು ಸಮುದ್ರಗಳ ನಡುವಿನ ನಮ್ಮ ಟಾರಾಂಟೊ ಊರಿನಲ್ಲಿ ಕುರಿ ಮೇಯಿಸಿ ಬದುಕಿದ ಕೊನೆಯ ನಾಲ್ಕಾರು ಜನರಲ್ಲಿ ಅವನೂ ಒಬ್ಬ. ಅವರಪ್ಪನ ಕಾಲದಲ್ಲಿ ಊರಿನ ಬಡಗಣ ದಿಕ್ಕೆಲ್ಲ ಆಲಿವ್ ತೋಪು. ಉಕ್ಕಿನ ಕಾರ್ಖಾನೆ ಬಂತು, ತೋಪು ಹೋಯಿತು. ಅಪ್ಪ ಅರ್ಧ ನೆಲ ಕೊಟ್ಟ, ಇನ್ನರ್ಧ ಕೊಡೋದಿಲ್ಲ ಅಂತ ಹಟ ಹಿಡಿದ. ಹಾಗೆ ಉಳಿದದ್ದು ಕಾರ್ಖಾನೆ ಗೋಡೆಯ ಆಚೆಗಿನ ಒಂದಿಷ್ಟು ಕಲ್ಲುನೆಲ, ಒಂದು ಹಳೆಯ ಮನೆ, ಒಂದು ಕುರಿದೊಡ್ಡಿ. ಒರೋಂಜೊ ಹುಟ್ಟಿದ್ದು ಅಲ್ಲೇ. ಮದುವೆಯಾಗಿ ಪಾಲ್ಮಾಳನ್ನು ಕರೆತಂದದ್ದೂ ಅಲ್ಲಿಗೇ.

ನಾನು ಕಾರ್ಖಾನೆಯವನು. ಕಾದ ಉಕ್ಕನ್ನು ಹಾಳೆಯಾಗಿ ಒತ್ತುವ ವಿಭಾಗದಲ್ಲಿ ಮೀಸೆ ಹಣ್ಣಾಗುವವರೆಗೆ ದುಡಿದವನು. ಭಾನುವಾರದ ಊಟಕ್ಕೆ ಒಟ್ಟಿಗೆ ಕೂತರೆ ಅವನಿಗೂ ನನಗೂ ಇದೇ ಜಗಳ.

"ಭಾವ, ನಿಮಗೆ ಸೈರನ್ ಕೂಗಿದ್ರೆ ಊಟ, ಸೈರನ್ ಕೂಗಿದ್ರೆ ಮನೆ. ನನ್ನ ಕುರಿಗಳೂ ಇಷ್ಟು ಹೇಳಿದ ಮಾತು ಕೇಳಲ್ಲ," ಅನ್ನುತ್ತಿದ್ದ.

"ಬಸ್ಸಲ್ಲಿ ನಿನ್ನ ಪಕ್ಕ ಯಾರಾದ್ರೂ ಬಂದು ಕೂರಲಿ, ಆಮೇಲೆ ನನ್ನ ಹತ್ರ ಮಾತಾಡು," ಅನ್ನುತ್ತಿದ್ದೆ.

ಅವನು ನಗುತ್ತಿದ್ದ. ಕುರಿಯ ವಾಸನೆ ಅವನ ಕೋಟಿಗೆ ಎಷ್ಟು ಅಂಟಿತ್ತೆಂದರೆ ಕೊಸಿಮಾ ಅದನ್ನು ಬಾಗಿಲ ಹೊರಗೇ ತೂಗುಹಾಕಿಸುತ್ತಿದ್ದಳು. ಆದರೆ ಶನಿವಾರ ಬೆಳಿಗ್ಗೆ ಕಾರ್ಖಾನೆ ಪಕ್ಕದ ನಮ್ಮ ತಂಬೂರಿ ಬಡಾವಣೆಯ ಸಂತೆಗೆ ಅವನು ಬಿಸಿ ರಿಕೋಟಾದ ಬುಟ್ಟಿ ಇಳಿಸಿದನೆಂದರೆ ಹೆಂಗಸರು ಬಟ್ಟಲು ಹಿಡಿದು ಮುತ್ತುತ್ತಿದ್ದರು. ಹಾಲಿನ ಆ ಮುದ್ದೆ ಬೆಣ್ಣೆಗಿಂತ ಮೆತ್ತಗೆ ಇರುತ್ತಿತ್ತು. ನಾನೂ ಬ್ರೆಡ್ಡಿಗೆ ಮೆತ್ತಿಕೊಂಡು ಅಲ್ಲೇ ನಿಂತು ತಿನ್ನುತ್ತಿದ್ದೆ.

ಕಾರ್ಖಾನೆಯ ಅದಿರಿನ ಕೆಂಪು ಧೂಳು ನಮ್ಮಲ್ಲಿ ಯಾರಿಗೂ ಹೊಸದಲ್ಲ. ಬಡಗಣ ಗಾಳಿ ಬೀಸಿದರೆ ಬಾಲ್ಕನಿ, ಒಣಹಾಕಿದ ಬಟ್ಟೆ, ಕಿಟಕಿಯ ಸಂದು, ಸ್ಮಶಾನದ ಬಿಳಿಕಲ್ಲು ಎಲ್ಲ ಕೆಂಪಾಗುತ್ತಿತ್ತು. ಗುಡಿಸಿ ಬಿಸಾಕುತ್ತಿದ್ದೆವು. ಅದು ಅನ್ನದ ಧೂಳು ಅಂತ ನಮ್ಮತ್ತೆ ಹೇಳುತ್ತಿದ್ದರು.

ಒರೋಂಜೊನ ಗಿಣ್ಣು ಕೊಳ್ಳುತ್ತಿದ್ದ ಒಬ್ಬ ಶಾಲಾಶಿಕ್ಷಕಿಗೆ ಏನನ್ನಿಸಿತೋ, ಒಂದು ತುಂಡನ್ನು ಪರೀಕ್ಷೆಗೆ ಕಳಿಸಿದಳು. ಅದರಲ್ಲಿ ವಿಷ ಇತ್ತು. ಕುಲುಮೆಗಳ ಹೊಗೆಯಿಂದ ಇಳಿಯುವ, ಒಮ್ಮೆ ಕೊಬ್ಬಿಗೆ ಸೇರಿದರೆ ಹೊರಗೆ ಹೋಗದ ವಿಷ. ಪತ್ರಿಕೆಯಲ್ಲಿ ಬಂತು. ಮುಂದಿನ ಶನಿವಾರ ಒರೋಂಜೊ ಬುಟ್ಟಿ ಇಳಿಸಿ ಕಾದ. ಹಳೇ ಗಿರಾಕಿಗಳು ದೂರದಿಂದಲೇ ಕೈಯೆತ್ತಿ ನಮಸ್ಕಾರ ಹೇಳಿ ರಸ್ತೆಯ ಆಚೆ ಬದಿಗೆ ದಾಟಿಕೊಂಡರು. ಮಧ್ಯಾಹ್ನ ಆ ರಿಕೋಟಾವನ್ನೆಲ್ಲ ಅವನು ಸಮುದ್ರಕ್ಕೆ ಸುರಿದು ಬಂದ. ನಾಯಿಗೂ ಹಾಕಲಿಲ್ಲ.

ಆಮೇಲೆ ಪಶುವೈದ್ಯೆ ಬಂದಳು. ಫೊರ್ನಾರಿ ಅಂತ ಹೆಸರು. ಆ ಕುರಿಗಳಿಗೆ ವರ್ಷವರ್ಷ ಚುಚ್ಚುಮದ್ದು ಹಾಕಿದವಳೇ. ದೊಡ್ಡಿಯ ಬಾಗಿಲಲ್ಲಿ ನಿಂತು ನಿಧಾನವಾಗಿ ಹೇಳಿದಳು. ನಾನೂ ಅಲ್ಲಿದ್ದೆ.

"ಒರೋಂಜೊ, ಕುರಿಗಳಿಗೆ ರೋಗ ಇಲ್ಲ. ವಿಷ ಅವು ತಿಂದ ಹುಲ್ಲಲ್ಲಿರೋದು. ಹಾಲಿಗೂ ಬಂದಿದೆ, ಮಾಂಸಕ್ಕೂ ಬಂದಿದೆ. ಲಾರಿ ಬರುತ್ತೆ, ಇಡೀ ಮಂದೆ ಕೊಲ್ಲೋಕೆ ಹೋಗ್ಬೇಕು."

"ಹುಲ್ಲಲ್ಲಿದ್ರೆ ಹುಲ್ಲನ್ನ ಕೊಲ್ಲಿ."

"ನನ್ನ ಕೈಯಲ್ಲಿ ಇಲ್ಲಪ್ಪ."

"ಆ ಹುಲ್ಲಿನ ಮೇಲಿರೋ ಗಾಳೀನೇ ನಾವೂ ಕುಡೀತೀವಲ್ಲ ಡಾಕ್ಟ್ರೇ. ನಮ್ಮನ್ನ ಯಾವಾಗ ಲಾರಿ ಹತ್ತಿಸ್ತೀರಿ?"

ಪಾಲ್ಮಾ ಒಳಗಿಂದ ಕಾಫಿ ತಂದುಕೊಟ್ಟಳು. ಫೊರ್ನಾರಿ ಕುಡಿದು ಹೋದಳು.

ಲಾರಿ ಬಂದದ್ದು ಕ್ರಿಸ್ಮಸ್ಸಿಗೆ ಮುಂಚೆ. ಬಿಳಿ ನಿಲುವಂಗಿ ತೊಟ್ಟ ಕೆಲವರು ಹಲಗೆಯ ಇಳಿಜಾರು ಜೋಡಿಸಿ ಕುರಿಗಳನ್ನು ಅಟ್ಟಲು ನಿಂತರು. ಕುರಿಗಳಿಗೆ ಗುರುತಿಲ್ಲದ ಜನ, ಗುರುತಿಲ್ಲದ ಬಟ್ಟೆ. ದಿಕ್ಕಾಪಾಲಾಗಿ ಓಡಿದವು. ಒಂದು ಗೋಡೆಗೆ ಬಡಿದು ಕಾಲು ಮುರಕೊಂಡಿತು. ಒಬ್ಬ ಇನ್ನೊಂದರ ಕಿವಿ ಹಿಡಿದು ದರದರ ಎಳೆಯತೊಡಗಿದ. ಒರೋಂಜೊ ಅಷ್ಟು ಹೊತ್ತು ಬಾವಿಕಟ್ಟೆಯ ಮೇಲೆ ಕೂತಿದ್ದವನು ಎದ್ದ.

"ಬಿಡ್ರಿ. ಬಿಡ್ರಿ ಅಂದೆ. ದೂರ ನಿಂತ್ಕೊಳ್ಳಿ."

ನಾಲಿಗೆ ಮಡಿಸಿ ಅವನದೊಂದು ಕೂಗು ಹಾಕಿದ. ಪ್ರತಿ ಬೆಳಿಗ್ಗೆ ದೊಡ್ಡಿಯಿಂದ ಹೊರಡುವಾಗ ಹಾಕುತ್ತಿದ್ದ ಕೂಗು. ಚೆದುರಿದ್ದ ಕುರಿಗಳೆಲ್ಲ ತಲೆ ಎತ್ತಿದವು. ಅವನು ತಿರುಗಿ ನೋಡದೆ ಹಲಗೆ ಹತ್ತಿ ಲಾರಿಯೊಳಗೆ ನಡೆದ. ಬಾರೋನೆಸ್ಸಾ ಅಂತ ಅವನು ಕರೆಯುತ್ತಿದ್ದ ಮುದಿಕುರಿ ಮೊದಲು, ಅದರ ಹಿಂದೆ ಮಿಕ್ಕವು. ಒಂದೂ ಹಿಂದೆ ಉಳಿಯಲಿಲ್ಲ. ಲಾರಿಯ ಒಳತುದಿ ಮುಟ್ಟಿದ ಮೇಲೆ ಅವನು ಅವುಗಳ ನಡುವೆ ನುಸುಳಿಕೊಂಡು ಹೊರಬರಬೇಕಾಯಿತು. ಬಂದರೆ ಅವೂ ತಿರುಗಿ ಅವನ ಬೆನ್ನಿಗೇ ಇಳಿದುಬಿಟ್ಟವು. ಮತ್ತೆ ಕೂಗಿದ, ಮತ್ತೆ ಹತ್ತಿಸಿದ. ಈ ಸಲ ಬಿಳಿಬಟ್ಟೆಯವರು ಅವನು ಆಚೆ ಬರುತ್ತಿದ್ದಂತೆ ಬಾಗಿಲು ಹಾಕಿದರು. ಬಾರೋನೆಸ್ಸಾ ಸರಳಿನ ಸಂದಿಯಿಂದ ಮೂತಿ ಚಾಚಿ, ಒಣಬ್ರೆಡ್ಡಿಗಾಗಿ ಅವನ ಕೋಟಿನ ಜೇಬು ಮೂಸಿತು. ಜೇಬಲ್ಲಿ ಇತ್ತು. ಕೊಟ್ಟ.

ಲಾರಿ ಹೋದ ಮೇಲೆ ನಾನು ಅವನ ಹೆಗಲ ಮೇಲೆ ಕೈ ಇಟ್ಟೆ. "ಎಳ್ಕೊಂಡು ಹೋಗಿದ್ರೆ ಒಂಥರಾ ಇರೋದು ಭಾವ," ಅಂದ. "ನಾನು ಕರೆದೆ ಅಂತ ಹೋದವು."

ಸುತ್ತಲಿನ ನೆಲದಲ್ಲಿ ಕುರಿ ಮೇಯಿಸಬಾರದೆಂದು ಆಜ್ಞೆಯೂ ಬಂತು. ಆ ಚಳಿಗಾಲವೆಲ್ಲ ನಸುಕಿಗೇ ಎದ್ದು ಹಾಲಿನ ಬಕೆಟ್ ಹಿಡಿದು ಖಾಲಿ ದೊಡ್ಡಿಗೆ ಹೋಗಿ ಕೂರುತ್ತಿದ್ದನಂತೆ. ಅಭ್ಯಾಸಬಲ. ಪಾಲ್ಮಾ ಹೋಗಿ ಕರೆದು ತರುತ್ತಿದ್ದಳು. ಕಡೆಗೆ ಮನೆಗೆ ಬೀಗ ಹಾಕಿ ನಮ್ಮ ಕಟ್ಟಡದಲ್ಲೇ ಎರಡನೇ ಮಹಡಿಗೆ ಬಂದು ಸೇರಿದರು. ಒಂದು ದಿನ ಒರೋಂಜೊ ನನ್ನ ಬಾಗಿಲು ತಟ್ಟಿದ.

"ಭಾವ, ನಿಮ್ಮಲ್ಲಿ ಏನಾದ್ರೂ ಕೆಲಸ ಇದ್ರೆ ನೋಡಿ."

ಪಾಲ್ಮಾ ಮೆಟ್ಟಿಲ ಮೇಲೆ ನಿಂತು ಕೇಳಿಸಿಕೊಂಡಳು. "ಆ ಕಾರ್ಖಾನೆ ಬಾಗಿಲಿಗೇ ಹೋಗ್ತೀಯಾ? ನಾಚಿಕೆ ಆಗಲ್ವಾ?"

"ಆಗುತ್ತೆ. ನಾಚಿಕೆ ಉಂಡು ಹೊಟ್ಟೆ ತುಂಬಲ್ಲವಲ್ಲ. ಈ ಊರಲ್ಲಿ ಬೇರೆ ಯಾವ ಬಾಗಿಲಿದೆ ತೋರಿಸು, ಅಲ್ಲಿಗೇ ಹೋಗ್ತೀನಿ."

ಅವಳು ತೋರಿಸಲಿಲ್ಲ. ತೋರಿಸಲು ಇರಲಿಲ್ಲ. ಮೀನುಗಾರರ ಕಪ್ಪೆಚಿಪ್ಪಿನ ಬೇಸಾಯಕ್ಕೂ ಅಷ್ಟು ಹೊತ್ತಿಗೆ ಅದೇ ವಿಷದ ಮಾತು ಹತ್ತಿಕೊಂಡಿತ್ತು.

ಗುತ್ತಿಗೆದಾರನೊಬ್ಬನ ಕೆಳಗೆ ಕೆಲಸ ಸಿಕ್ಕಿತು. ಅದಿರು ಸಾಗಿಸುವ ಉದ್ದುದ್ದದ ಪಟ್ಟಿಗಳ ಕೆಳಗೆ ಉದುರಿದ ಧೂಳನ್ನು ಗುಡಿಸಿ ಗಾಡಿಗೆ ತುಂಬುವುದು. ಬಾಯಿಗೆ ಬಟ್ಟೆ, ಕೈಯಲ್ಲಿ ಸಲಿಕೆ. ತುಂಬಿದಷ್ಟೂ ಮೇಲಿಂದ ಉದುರುತ್ತಲೇ ಇರುತ್ತಿತ್ತು. ಪಾಳಿ ಮುಗಿಸಿ ಬರುವಾಗ ಅವನ ಹುಬ್ಬು, ಕಿವಿ, ಕತ್ತಿನ ಗೆರೆ ಎಲ್ಲ ಕೆಂಪು. ಕುರಿಯ ವಾಸನೆ ಹೋಯಿತು. ಭಾನುವಾರ ನಾನು ಹಳೇ ಚಾಳಿಯಲ್ಲಿ ಏನಾದರೂ ಚುಚ್ಚಿದರೂ ಅವನು ತಿರುಗಿ ಚುಚ್ಚುತ್ತಿರಲಿಲ್ಲ. "ಬ್ರೆಡ್ ಕೊಡಿ ಭಾವ," ಅನ್ನುತ್ತಿದ್ದ, ಅಷ್ಟೆ.

ಮೂರನೇ ಮಹಡಿಯಲ್ಲಿ ಒಂದು ಹೆಣ್ಣುಮಗು ಇತ್ತು. ಪಾಲ್ಮಾಗೆ ಮಕ್ಕಳಿಲ್ಲ. ಅದು ಮೆಟ್ಟಿಲಿಳಿಯುವಾಗಲೆಲ್ಲ ಅವಳು ತರಾಲ್ಲಿ ಅನ್ನುವ ಗರಿಗರಿ ಬಿಸ್ಕತ್ತಿನ ಉಂಗುರಗಳನ್ನು ಅದರ ಬೆರಳಿಗೆ ತೊಡಿಸಿ ಕಳಿಸುತ್ತಿದ್ದಳು. ಆ ಮಗುವಿಗೆ ರಕ್ತದ ಕ್ಯಾನ್ಸರ್ ಆಯಿತು. ಬಾರಿ ನಗರದ ಆಸ್ಪತ್ರೆಗೆ ಹೋಗಿ ಬಂದು, ಹೋಗಿ ಬಂದು, ಒಂದು ಸಲ ಹೋದದ್ದು ಬರಲಿಲ್ಲ. ಇಂಥದರಿಂದಲೇ ಅಂತ ಹೇಳಲಾಗದು ಅಂದರು ವೈದ್ಯರು. ಮಣ್ಣು ಮಾಡಿದ ಮರುವಾರದಿಂದ ಪಾಲ್ಮಾ, ಮಕ್ಕಳನ್ನು ಕಳೆದುಕೊಂಡ ತಾಯಂದಿರು ಕಾರ್ಖಾನೆಯ ವಿರುದ್ಧ ತೆಗೆಯುತ್ತಿದ್ದ ಮೆರವಣಿಗೆಗೆ ಹೋಗತೊಡಗಿದಳು.

ಅದೇ ಬೇಸಿಗೆಯಲ್ಲಿ ನ್ಯಾಯಾಲಯ ವಿಷದ ಹೊಗೆಯ ಕಾರಣಕ್ಕೆ ಕುಲುಮೆಗಳಿಗೆ ಬೀಗಮುದ್ರೆ ಹಾಕಲು ಹೇಳಿತು. ಕೆಲಸ ಹೋಗುತ್ತದೆಂದು ನಾವೆಲ್ಲ ಬೀದಿಗಿಳಿದೆವು. ಸಾವಿರಾರು ಜನ. ಎರಡು ಸಮುದ್ರಗಳ ನಡುವಿನ ಕಬ್ಬಿಣದ ಸೇತುವೆಯ ಮೇಲೆ ನಾವು ಒಂದು ಕಡೆಯಿಂದ ಹತ್ತಿದರೆ ಇನ್ನೊಂದು ಕಡೆಯಿಂದ ತಾಯಂದಿರು ಮಕ್ಕಳ ಫೋಟೋ ಹಿಡಿದು ಬಂದರು. ಮುಂದಿನ ಸಾಲಿನಲ್ಲೇ ಪಾಲ್ಮಾ. ನಮ್ಮ ಮುಂದಿನ ಸಾಲಿನಲ್ಲಿ ಒರೋಂಜೊ, ಅವನ ಪಕ್ಕ ನಾನು.

"ದಾರಿ ಬಿಡು ಪಾಲ್ಮಾ."

"ನೀನೇ ಬಿಡು. ನಾನು ಮೊದಲು ಬಂದಿದ್ದು."

ಧ್ವನಿವರ್ಧಕ ಹಿಡಿದಿದ್ದ ಕಾರ್ಮಿಕ ಸಂಘದವನೊಬ್ಬ ಹಿಂದಿನಿಂದ ಅಂದ: "ಒರೋಂಜೊ, ನಿನ್ನ ಹೆಂಡ್ತೀನ ಸ್ವಲ್ಪ ಪಕ್ಕಕ್ಕೆ ಕರ್ಕೊಳ್ಳಯ್ಯ."

"ನಿನಗಾದ್ರೆ ಕರ್ಕೋ. ಮದುವೆ ಆದಾಗಿಂದ ನನ್ನ ಕೈಲಿ ಆಗಿಲ್ಲ."

ಎರಡೂ ಕಡೆ ನಕ್ಕರು. ಪಾಲ್ಮಾ ನಗಲಿಲ್ಲ. ಅವಳ ಕೈಯಲ್ಲಿದ್ದ, ಬಣ್ಣದಲ್ಲಿ ಘೋಷಣೆ ಬರೆದ ಹಲಗೆಯನ್ನು ನೋಡಿ ಒರೋಂಜೊ ಮೆಲ್ಲಗೆ ಕೇಳಿದ: "ಇದಕ್ಕೆ ಬಣ್ಣ ತಂದಿದ್ದು ನನ್ನ ಸಂಬಳದಲ್ಲೇ ತಾನೆ?"

"ಹೌದು. ಆ ಸಂಬಳದಿಂದ ಒಂದಾದ್ರೂ ಒಳ್ಳೆ ಕೆಲಸ ಆಗ್ಲಿ ಅಂತ."

ಅವನ ಮುಖ ಕಪ್ಪಿಟ್ಟಿತು. ಹಲಗೆಯ ನಡುವೆ ಅಂಟಿಸಿದ್ದುದು ಮೂರನೇ ಮಹಡಿಯ ಮಗುವಿನ ಫೋಟೋ. ಅವನು ಟೋಪಿ ತೆಗೆದ. ನಮ್ಮ ಸಾಲಿನಲ್ಲಿ ಇನ್ನೂ ಕೆಲವರು ತೆಗೆದರು. ಆದರೆ ಹಿಂದಿನವರು ತಳ್ಳುತ್ತಿದ್ದರು, ಅವರ ಹಿಂದಿನವರೂ ತಳ್ಳುತ್ತಿದ್ದರು. ಪೊಲೀಸರು ಬಂದು ಹೆಂಗಸರನ್ನು ಸೇತುವೆಯ ಅಂಚಿಗೆ ಸರಿಸಿದರು. ನಾವು ದಾಟಿಕೊಂಡು ಹೋದೆವು. ಒರೋಂಜೊನೂ ದಾಟಿದ. ಆ ಮೇಲೆ ಬಹಳ ದಿನ ಗಂಡಹೆಂಡಿರ ನಡುವೆ ಮಾತಿರಲಿಲ್ಲ. ಉಪ್ಪು ಬೇಕಾದರೆ ಕೊಸಿಮಾಳ ಮೂಲಕ ಕೇಳುತ್ತಿದ್ದರು.

ಗೆದ್ದವರು ನಾವೇ. ಸರ್ಕಾರ ಏನೋ ಕಾನೂನು ಮಾಡಿ ಕುಲುಮೆಗಳನ್ನು ಉಳಿಸಿತು. ಆದರೆ ಗೆದ್ದದ್ದು ಉಣ್ಣಲಿಕ್ಕೆ ಆಗಲಿಲ್ಲ. ಮಾಲೀಕರು ಬದಲಾದರು, ಮತ್ತೆ ಬದಲಾದರು. ದೂರದೇಶದ ಉಕ್ಕು ಹಡಗಿನಲ್ಲಿ ನಮ್ಮ ಕಣ್ಣೆದುರೇ ಬಂದಿಳಿಯುತ್ತಿತ್ತು, ನಮ್ಮದಕ್ಕಿಂತ ಅಗ್ಗಕ್ಕೆ. ಕರೆಂಟು, ಅನಿಲದ ದರ ಏರಿತು. ದುರಸ್ತಿಗೆ ಹಣವಿಲ್ಲದೆ ಒಂದು ಕುಲುಮೆ ತಣ್ಣಗಾಯಿತು, ಆಮೇಲೆ ಇನ್ನೊಂದು. ಅದಿರಿನ ಪಟ್ಟಿಗಳು ನಿಂತವು. ಪಟ್ಟಿ ನಿಂತರೆ ಧೂಳು ಉದುರದು, ಗುಡಿಸುವವನು ಯಾರಿಗೆ ಬೇಕು? ಗುತ್ತಿಗೆದಾರ ತಿಂಗಳುಗಟ್ಟಲೆ ಸಂಬಳ ಬಾಕಿ ಇಟ್ಟು ಒಂದು ದಿನ ಕಚೇರಿ ಮುಚ್ಚಿಕೊಂಡು ಹೋದ. ನಾನು ಕಾರ್ಖಾನೆಯ ಕಾಯಂ ನೌಕರ. ನನ್ನನ್ನು ಮನೆಯಲ್ಲಿ ಕೂರಿಸಿ ಸರ್ಕಾರದ ನಿಧಿಯಿಂದ ಅಷ್ಟೋ ಇಷ್ಟೋ ಕೊಡುತ್ತಾರೆ. ಒರೋಂಜೊನಂಥವರಿಗೆ ಅದು ಬೇಗನೆ ಮುಗಿಯಿತು.

ಅವನಿಗೆ ಆಗ ಕೆಮ್ಮು ಶುರುವಾಗಿತ್ತು. ಪಾಲ್ಮಾಗೆ ಉಸಿರಿನ ತೊಂದರೆ. ಬಡಗಣ ಗಾಳಿ ಎದ್ದ ದಿನಗಳಲ್ಲಿ ಶಾಲೆಗೆ ರಜೆ, ಕಿಟಕಿಗೆ ಬಿಗಿ ಚಿಲಕ. ಮನೆ ಮಾರೋಣವೆಂದರೆ ತಂಬೂರಿಯಲ್ಲಿ ಮನೆ ಕೊಳ್ಳುವವರು ಯಾರು? ಒಂದು ಬೆಳಿಗ್ಗೆ ಪಾಲ್ಮಾ ಎರಡನೇ ಮಹಡಿಯ ಮನೆಯ ಕೀಲಿಕೈ ತಂದು ಕೊಸಿಮಾಳ ಕೈಗಿಟ್ಟಳು.

"ತವರಿಗೆ ಹೋಗ್ತಿದ್ದೀವಿ ಅತ್ತಿಗೆ. ಲಾತೆರ್ಜಾಗೆ. ನನ್ನ ತಮ್ಮ ಎಲಿಯೊ ಬಾ ಅಂದಿದ್ದಾನೆ."

"ಒರೋಂಜೊ ಒಪ್ಪಿದ್ನಾ?"

"ಅವನು ಯಾವುದಕ್ಕೂ ಬೇಡ ಅನ್ನೋದನ್ನ ಬಿಟ್ಟು ಎಷ್ಟೋ ದಿನ ಆಯ್ತು."

ಹೋದ ವಸಂತದಲ್ಲಿ ನಾನು ಅವರನ್ನು ನೋಡಲು ಹೋದೆ. ಲಾತೆರ್ಜಾ ಬೆಟ್ಟದ ಊರು, ನಮ್ಮ ಹೊಗೆ ಅಲ್ಲಿಗೆ ಮುಟ್ಟುವುದಿಲ್ಲ ಅನ್ನುತ್ತಾರೆ. ಎಲಿಯೊಗೆ ಕುರಿಗಳಿವೆ. ಒರೋಂಜೊನನ್ನು ಅವುಗಳ ಜೊತೆ ಬಿಟ್ಟಿದ್ದ. ಕಂದರದ ಅಂಚಿನಲ್ಲಿ ಮಂದೆ ಬರುವುದು ಕಂಡಿತು. ಮುಂದೆ ನಾಯಿ, ನಡುವೆ ಕುರಿ, ಎಲ್ಲಕ್ಕಿಂತ ಹಿಂದೆ ಕೋಲು ಹಿಡಿದು ಒರೋಂಜೊ. ಬಾಯಿ ಬಿಡದೆ, ಕೋಲಿನಿಂದ ನೆಲಕ್ಕೆ ತಟ್ಟಿ ತಟ್ಟಿ ಅಟ್ಟುತ್ತಿದ್ದ.

"ಕರೆಯೋದೇ ಇಲ್ಲ ಇವನು," ಅಂದ ಎಲಿಯೊ. "ಮೂಕನ ಹಾಗೆ ಹಿಂದೆ ಹಿಂದೆ ಬರ್ತಾನೆ. ಯಾಕೋ ಅಂದ್ರೆ ಗಂಟಲು ನೋವು ಅಂತಾನೆ."



ಮಧ್ಯಾಹ್ನ ಅವರೆಬೇಳೆಯಂಥ ಬೀಜದ ಗಟ್ಟಿ ಗಂಜಿ, ಕಹಿಸೊಪ್ಪು, ಊರಿನ ದಪ್ಪ ಬ್ರೆಡ್ಡು. ಎಲಿಯೊ ಕಾರ್ಖಾನೆಯ ಸುದ್ದಿ ಕೇಳಿದ. ಹೊಗೆಯಿಲ್ಲದ ವಿದ್ಯುತ್ ಕುಲುಮೆ ಬರುತ್ತಂತಲ್ಲ, ಹೌದಾ?

"ಬರುತ್ತೆ ಅಂತಾರೆ. ಬಂದ್ರೂ ಈಗಿರೋರಲ್ಲಿ ಅರ್ಧ ಜನ ಸಾಕಂತೆ."

"ಯಾವಾಗ?"

"ನಾವು ಸತ್ತ ಮೇಲೆ," ಅಂದ ಒರೋಂಜೊ. ಕೆಮ್ಮಿದ. ಪಾಲ್ಮಾ ಅವನ ಮುಂದೆ ನೀರಿನ ಲೋಟ ಸರಿಸಿದಳು. ಅವರಿಬ್ಬರೂ ಈಗ ಮಾತಾಡುತ್ತಾರೆ.

ಬಸ್ಸಿನವರೆಗೆ ನನ್ನ ಜೊತೆ ನಡೆದು ಬಂದ.

"ಮನೇಲಿ ಕೂತು ಏನ್ಮಾಡ್ತೀರಿ ಭಾವ?"

"ಬೆಳಿಗ್ಗೆ ಎದ್ದು ಗಡ್ಡ ಹೆರ್ಕೋತೀನಿ. ಕರೀತಾರೇನೋ ಅಂತ ಕಾಯ್ತೀನಿ."

"ಕರೀತಾರಾ?"

"ಇಲ್ಲ."

ಅವನು ತಲೆಯಾಡಿಸಿದ. ಬಸ್ಸು ಬಂತು. ಅಕ್ಕನಿಗೆ ಕೊಡಿ ಅಂತ ಬಟ್ಟೆಯಲ್ಲಿ ಸುತ್ತಿದ ಬ್ರೆಡ್ಡನ್ನು ನನ್ನ ಕೈಗಿಟ್ಟು, ಬಸ್ಸು ಹೊರಡುವ ಮುಂಚೆಯೇ ತಿರುಗಿ ನಡೆದ. ಬೆನ್ನು ಬಾಗಿತ್ತು.

ಬೆಟ್ಟ ಇಳಿದು ಬಯಲಿಗೆ ಬಂದಾಗ ದೂರದಲ್ಲಿ ನಮ್ಮ ಊರಿನ ಚಿಮಣಿಗಳು ಕಂಡವು. ಬಸ್ಸಿನಲ್ಲಿದ್ದವರೆಲ್ಲ ಮಾತು ನಿಲ್ಲಿಸಿ ಆ ಕಡೆ ನೋಡಿದರು. ಒಂದರಲ್ಲಿ ಮಾತ್ರ ಹೊಗೆ ಬರುತ್ತಿತ್ತು. ನನ್ನ ಪಕ್ಕದ ಸೀಟಿನ ಮುದುಕಿ, "ಸದ್ಯ, ಇನ್ನೂ ಉರೀತಿದೆ," ಅಂದಳು. ಆಮೇಲೆ ಕಿಟಕಿಯ ಗಾಜು ಎಳೆದು ಹಾಕಿದಳು.